ಕತ್ತರಿಸಿದ ಪುಟ

ಅಣ್ಣ ಹತ್ತು ವರ್ಷ ಬ್ಯಾಂಡಿನಲ್ಲಿ ಡ್ರಮ್ ಬಾರಿಸಿದ, ಆಮೇಲೆ ಮೂರು ಸಿನಿಮಾ ತೆಗೆದು ಕೈಸುಟ್ಟುಕೊಂಡ, ಈಗ ಕಾಮಿಕ್ಸ್ ಪ್ರಕಾಶಕ. ತಂಗಿ ಎರಡು ವರ್ಷ ಕೂತು ಬಿಡಿಸಿದ ಪತ್ತೇದಾರಿ ಚಿತ್ರಕಥೆಯೇ ಅವನ ಮೊದಲ ಪುಸ್ತಕ. ಕಥೆ ಎಳೆದಂತಿದೆ ಅನ್ನಿಸಿ, ಅವಳಿಗೆ ಹೇಳದೆ ನಡುವಿನ ಒಂದು ಪುಟ ಕತ್ತರಿಸಿ ಅಚ್ಚಿಗೆ ಕಳಿಸಿದ್ದ.

ಪ್ರೆಸ್ಸಿನಲ್ಲಿ ಅಚ್ಚಾಗಿ ಬಂದ ಹಾಳೆಯೊಂದನ್ನು ಮಡಚಿ ನೋಡಿದ ತಂಗಿ ಕಿಡಿಕಿಡಿಯಾದಳು.

“ಏನೋ ಮಾಡಿದ್ದೀಯ? ಪುಟ ತಿರುಗಿಸಿದ ಮೇಲೆ ಕಾಣಬೇಕಾದ ಕೊಲೆಗಾರ ಎದುರು ಪುಟದಲ್ಲೇ ಹಲ್ಲು ಕಿರೀತಿದ್ದಾನೆ!”

“ಸಿನಿಮಾದಲ್ಲಿ ಒಂದು ಸೀನ್ ತೆಗೆದ್ರೆ ಏನೂ ಆಗಲ್ಲ ಕಣೇ.”

“ಇದು ಪುಸ್ತಕ ಕಣೋ ಪುಣ್ಯಾತ್ಮ! ಒಂದು ಪುಟ ಹೋದ್ರೆ ಮುಂದೆ ಎಡದ್ದೆಲ್ಲ ಬಲಕ್ಕೆ ಬರುತ್ತೆ. ಇದನ್ನ ಹೀಗೇ ಮಾರೋದಾದ್ರೆ ನನ್ನ ಹೆಸರು ಕಿತ್ತು ಹಾಕು.”

ಮಷೀನು ದಡದಡ ಓಡುತ್ತಲೇ ಇತ್ತು.

“ಈಗ ನಿಲ್ಲಿಸಿದ್ರೆ ನಿಮ್ಮ ಸರದಿ ಮುಂದಿನ ತಿಂಗಳೇ ಸಾರ್. ಬೇಗ ಹೇಳಿ,” ಎಂದ ಮಷೀನಿನವನು. ಪುಸ್ತಕ ನಾಡಿದ್ದು ಅಂಗಡಿ ಸೇರಬೇಕಿತ್ತು.

ಅಣ್ಣ ಹಾಳೆ ಬಿಡಿಸಿದ. ಎಡಪುಟದಲ್ಲಿ ಹುಡುಗಿ ಬಾಗಿಲಿಗೆ ಕೈಹಾಕಿದ್ದಳು. ಅವಳು ತೆರೆಯುವ ಮೊದಲೇ ಅವನ ಕಣ್ಣು ಬಲಪುಟದ ಕೊಲೆಗಾರನತ್ತ ಜಾರಿತು. ಮಷೀನಿನ ಬಳಿ ಹೋಗಿ ಕೆಂಪು ಗುಂಡಿಯನ್ನು ತಾನೇ ಒತ್ತಿದ.

ಮಷೀನು ನಿಂತ ಮೇಲೆ ತಂಗಿ ಕೇಳಿದಳು, “ಮೊದಲೇ ನನ್ನನ್ನ ಒಂದು ಮಾತು ಕೇಳಿದ್ರೆ ನಿನ್ನ ಗಂಟೇನು ಹೋಗ್ತಿತ್ತು?”