ಹುಣಸೆ ಗೋಡೌನಿನ ಬೀಗ

ಮಧುಗಿರಿಯ ತೆರಿಗೆ ಅಧಿಕಾರಿ ಪ್ರಸನ್ನ ಕುಮಾರ್ ಅವರಿಗೆ ಕಾನೂನು ಗೊತ್ತಿರಲಿಲ್ಲ ಎಂದರೆ ಅನ್ಯಾಯವಾದೀತು. ಗೊತ್ತಿತ್ತು. ಅದು ತಮ್ಮ ಕಂಪ್ಯೂಟರಿನಲ್ಲೂ ಕಾಣಬೇಕು ಎಂಬುದಷ್ಟೇ ಅವರ ಹಟ.

ಹುಣಸೆಹಣ್ಣಿನ ವ್ಯಾಪಾರಿ ವನಜಾಕ್ಷಿ, ಹಳೆಯ ವರ್ಷವೊಂದರ ತೆರಿಗೆ ಆದೇಶದ ವಿರುದ್ಧ ಮೇಲ್ಮನವಿ ಹಾಕಿ, ತಕರಾರಿನ ತೆರಿಗೆಯಲ್ಲಿ ಹತ್ತನೇ ಒಂದು ಪಾಲು ಕಟ್ಟಿದ್ದಳು. ಅಷ್ಟು ಕಟ್ಟಿದ ಮೇಲೆ, ಮೇಲ್ಮನವಿ ಮುಗಿಯುವವರೆಗೆ ಉಳಿದದ್ದನ್ನು ವಸೂಲಿ ಮಾಡುವಂತಿಲ್ಲ. ಆದರೂ ಮಧ್ಯಾಹ್ನ ಅವಳ ಗೋಡೌನಿನ ಮುಂದೆ ಪ್ರಸನ್ನ ಕುಮಾರ್ ಅವರ ಜೀಪು ನಿಂತಿತು.

"ತಡೆಯಾಜ್ಞೆ ಎಲ್ಲಮ್ಮ?"

"ಬೇರೆ ಆಜ್ಞೆ ಯಾಕ್ ಸಾರ್? ದುಡ್ಡು ಕಟ್ಟಿದ್ರೆ ವಸೂಲಿ ತಾನಾಗೇ ನಿಲ್ತದೆ. ರಸೀದಿ ನೋಡಿ."

"ಸಿಸ್ಟಮ್‌ನಲ್ಲಿ ತೋರಿಸ್ತಿಲ್ಲ."

"ನಿಮ್ ಸಿಸ್ಟಮ್ಮಿಗೆ ಕಣ್ ಬರೋಗಂಟ ನನ್ ಹಣ್ಣು ಕಪ್ಪಾಗ್ಬೇಕಾ?"

ಏಪ್ರಿಲ್ ತಿಂಗಳು. ಬೋಳು ಬೆಟ್ಟ ಕಾದು ಊರಿನ ಮೇಲೆಯೇ ಉಸಿರು ಬಿಡುತ್ತಿತ್ತು. ಬೀಜ ಬಿಡಿಸಿದ ಹಣ್ಣು ಬೇಗ ಕೋಲ್ಡ್ ಸ್ಟೋರೇಜ್ ಸೇರದಿದ್ದರೆ ಬಣ್ಣಗೆಡುತ್ತದೆ, ಆಮೇಲೆ ಕೇಳುವವರಿಲ್ಲ. ತುಮಕೂರಿಗೆ ಹೊರಡಬೇಕಿದ್ದ ಲಾರಿ ಖಾಲಿ ನಿಂತಿತ್ತು. ಬೀಗಕ್ಕೆ ಅರಗಿನ ಮುದ್ರೆ ಬಿತ್ತು.

"ಇನ್ನು ಗೋಡೌನು ಸರ್ಕಾರದ ವಶ" ಎಂದರು ಪ್ರಸನ್ನ ಕುಮಾರ್.

ಆ ಮಾತನ್ನು ಅವರು ಆಡಬಾರದಿತ್ತು. ಸುತ್ತಲಿನ ಹೆಂಗಸರು ಬೆಳಿಗ್ಗೆ ಗೋಡೌನಿನಿಂದ ಹಣ್ಣು ಒಯ್ದು, ಮನೆಯಲ್ಲಿ ಬೀಜ ತೆಗೆದು, ದೀಪ ಹಚ್ಚುವ ಮೊದಲು ತೂಗಿ ಒಪ್ಪಿಸುತ್ತಾರೆ. ಬೇರೆಯವರ ಹಣ್ಣು ರಾತ್ರಿ ಮನೆಯಲ್ಲಿ ಉಳಿದರೆ ಕಳುವಿನ ಮಾತು ಹುಟ್ಟುತ್ತದೆ.

ಸಂಜೆ ತೆರಿಗೆ ಕಚೇರಿಯ ಮೆಟ್ಟಿಲೇರಿ ಬಂದ ಆ ಹೆಂಗಸರಲ್ಲೊಬ್ಬಳು, ಮುನಿಯಮ್ಮ, ಸಾಹೇಬರ ಮೇಜಿನ ಮುಂದೆ ಬೀಜ ಬಿಡಿಸಿದ ಹಣ್ಣು ತುಂಬಿದ ಮಂಕರಿ ಇಳಿಸಿದಳು.

"ತೂಕ ಹಾಕ್ಕಳಿ ಸಾಮಿ."

"ಏನಮ್ಮ ಇದು? ತಗೊಂಡ್ ನಡಿ!"

"ಗೋಡೌನು ನಿಮ್ದಂತಲ್ಲ? ಅಂದ್ಮ್ಯಾಕೆ ಹಣ್ಣೂ ನಿಮ್ದೇಯ. ಮನೇಲಿಟ್ಕಂಡು ನಾನು ಕಳ್ಳಿ ಅನ್ನುಸ್ಕಬೇಕಾ?"

"ಕೂಲೀನೂ ಅವ್ರೇ ಕೊಡ್ತಾರೆ, ಸರಿಯೇ ಅತ್ಲಾಗೆ!" ಎಂದಳು ಹಿಂದಿನವಳು. ಅವಳ ಹಿಂದೆ ಸಾಲು ಗೇಟಿನವರೆಗಿತ್ತು. ಗೇಟಿನಿಂದ ವನಜಾಕ್ಷಿ ಸಾಲು ದಾಟಿ ಒಳಗೆ ಬಂದಳು.

"ನೀವೇ ಕಳಿಸಿದ್ದಾ ಇವರನ್ನ?"

"ನಾನ್ಯಾಕ್ ಕಳುಸ್ಲಿ? ವಶಕ್ ತಗಂಡೋರು ನೀವು."

ಮಂಕರಿಗಳು ಕುರ್ಚಿಯ ಕಾಲು ಮುಟ್ಟಿದಾಗ ಪ್ರಸನ್ನ ಕುಮಾರ್ ಮೇಲ್ಮನವಿ ಕಚೇರಿಗೆ ಫೋನು ಮಾಡಿದರು. ಮಧ್ಯಾಹ್ನ ಮಾಡಬಹುದಾಗಿದ್ದ ಫೋನು.

"ನೀವು ಕಟ್ಟಿದ್ದು ದಾಖಲಾಗಿದೆಯಂತೆ" ಎಂದು ಒಂದು ಹಾಳೆ ಮುಂದೆ ಚಾಚಿದರು. "ಸೈನ್ ಹಾಕಿ, ಬೀಗ ತೆಗೆಸ್ತೀನಿ."

'ವರ್ತಕರ ಕೋರಿಕೆಯನ್ನು ಮನ್ನಿಸಿ ಬೀಗ ತೆರೆಯಲಾಗಿದೆ' ಎಂದಿತ್ತು.

ವನಜಾಕ್ಷಿ ಹಾಳೆ ಎಳೆದುಕೊಂಡಳು. "ಕೋರಿಕೆ? ನಾನೇನ್ ಭಿಕ್ಷೆ ಕೇಳಿದ್ನಾ?" ಆ ಸಾಲು ಹೊಡೆದು ಹಾಕಿ ಕೆಳಗೆ ಬರೆದಳು: 'ಹಾಕಬಾರದ ಬೀಗ ಹಾಕಿದ್ದರು, ತೆಗೆದರು.'

"ಮೊದ್ಲು ನೀವ್ ಸೈನ್ ಹಾಕಿ ಸಾರ್."

"ಇದಕ್ಕೆ ಹೇಗಮ್ಮ ಹಾಕೋದು?"

"ಮುನಿಯಮ್ಮ, ಹೊರಗ್ ನಿಂತೋರ್ನೂ ಕರಿ."

ಮುನಿಯಮ್ಮ ಕರೆಯುವ ಮೊದಲೇ ಇನ್ನೊಂದು ಮಂಕರಿ ಕಡತಗಳ ಮೇಲೆ ಕೂತಿತು. ಪ್ರಸನ್ನ ಕುಮಾರ್ ಅದನ್ನು ಸರಿಸಿ, ಅಂಟಂಟಾದ ಬೆರಳುಗಳಲ್ಲಿ ಪೆನ್ನು ಹಿಡಿದರು.