ಕೆಳಗಿಳಿಸಿದ ದಿನವೇ ಕೇಳಬೇಕಿತ್ತು

ನಟಬರ ಜೇನಾನಿಗೆ ಬಡಿಸಿದ ಪಖಾಳ ಹಾಗೇ ಉಳಿದಿತ್ತು. ಆ ನೀರನ್ನದ ಪಕ್ಕ ಇಟ್ಟಿದ್ದ ಹುರಿದ ಸಂಡಿಗೆಯನ್ನೂ ಅವನು ಮುಟ್ಟಿರಲಿಲ್ಲ. ಹೆಂಡತಿ ಕುಂಜಲತಾ ತಟ್ಟೆ ತೆಗೆದಳು. ಆ ಮನೆಯಲ್ಲಿ ಇದು ಹೊಸದೇನಲ್ಲ.

ಬೈತರಣಿ ನದಿಯ ದಂಡೆಯ ಆ ಊರಿನ ದನದ ಆಸ್ಪತ್ರೆಗೆ ನಟಬರ ಅಟೆಂಡರ್ ಆಗಿ ಸೇರಿದ್ದ. ಸಗಣಿ ಬಾಚುತ್ತ, ದನ ಹಿಡಿದು ನಿಲ್ಲುತ್ತ ಕೆಲಸ ಕಲಿತ. ಇಲಾಖೆಯ ಪರೀಕ್ಷೆ ಪಾಸು ಮಾಡಿ ಜಾನುವಾರು ಇನ್‌ಸ್ಪೆಕ್ಟರ್ ಆದ. ಎಂಟು ವರ್ಷ ಸೈಕಲ್ ತುಳಿದು ಹಳ್ಳಿ ಹಳ್ಳಿಯ ಕೊಟ್ಟಿಗೆಗೆ ಹೋಗಿ ಸೂಜಿಮದ್ದು ಕೊಟ್ಟ. ಜನ "ಡಾಕ್ಟರ್ ಬಾಬು" ಎಂದರು. ಆಮೇಲೊಂದು ದಿನ ಆದೇಶ ಬಂತು: ಸೇವಾ ಹಿರಿತನದ ಲೆಕ್ಕದಲ್ಲಿ ಕಚೇರಿಯಿಂದ ತಪ್ಪಾಗಿದೆ, ಬಡ್ತಿ ರದ್ದು, ಮತ್ತೆ ಅಟೆಂಡರ್. ಅವನನ್ನು ಕರೆದು ನಿನ್ನ ಮಾತೇನು ಎಂದು ಕೇಳಿದವರಿಲ್ಲ.

ಅದೇ ಆಸ್ಪತ್ರೆ, ಅದೇ ಜನ. ಊರ ಬಾಯಿ ಮುಚ್ಚಿಸುವವರು ಯಾರು?

"ಔಷಧಿ ಮಾರ್ಕೊಂಡಿರ್ಬೇಕು ಕಣಯ್ಯಾ. ಇಲ್ದಿದ್ರೆ ಸುಮ್ಸುಮ್ನೆ ಕೆಳಗಿಳಿಸ್ತಾರಾ?" ಎಂದು ಚಹಾದಂಗಡಿಯಲ್ಲಿ ಯಾರೋ ಅಂದದ್ದು ನಟಬರನ ಕಿವಿಗೂ ಬಿತ್ತು. ಅಂದಿನಿಂದ ಅವನು ಆ ದಾರಿಯನ್ನೇ ಬಿಟ್ಟ.

ಮೇಲಿನವರಿಗೆ ಅರ್ಜಿ ಬರೆಯಬೇಕೆಂದು ಒಮ್ಮೆ ಬಾಯಿಬಿಟ್ಟಿದ್ದ. ಕುಂಜಲತಾ ಬೇಡವೆಂದಳು. "ಸರ್ಕಾರದ ಜೊತೆ ಜಗಳ ಆಡಿ ಉದ್ಧಾರ ಆದೋರುಂಟಾ? ಇನ್ನೆರಡು ವರ್ಷ ಸರ್ವೀಸು. ಹಲ್ಲು ಕಚ್ಕೊಂಡು ಕಳೆದ್ಬಿಡಿ."

ಅವನು ಹಲ್ಲು ಕಚ್ಚಿಕೊಂಡೇ ಕಳೆದ. ಬೀಳ್ಕೊಡುಗೆಯ ದಿನ ರಜೆ ಹಾಕಿ ಗೋಡೆಯ ಕಡೆ ಮುಖ ಮಾಡಿ ಮಲಗಿದ್ದ.

ಚಂಡಮಾರುತ ಹೊತ್ತೊಯ್ದ ಸೂರಿನ ಜಾಗದಲ್ಲಿ ತಾಡಪಾಲು ಕಟ್ಟಿಕೊಂಡು ಬದುಕುತ್ತಿದ್ದ ಮನೆ ಅದು. ಗ್ರಾಚ್ಯುಟಿ ಬಂದರೆ ಹೊಸ ಸೂರು ಎಂದುಕೊಂಡಿದ್ದರು. ಬಂದದ್ದು ನೋಟೀಸು: ಇನ್‌ಸ್ಪೆಕ್ಟರ್ ಆಗಿ ಪಡೆದ ಹೆಚ್ಚಿನ ಸಂಬಳವನ್ನು ಗ್ರಾಚ್ಯುಟಿಯಲ್ಲಿ ಮುರಿದುಕೊಳ್ಳುತ್ತೇವೆ, ಒಪ್ಪಿಗೆಯೆಂದು ಸಹಿ ಮಾಡಿ ಕಳಿಸಿ.

ಸುದ್ದಿ ಕೇಳಿ ಜಾಜಪುರದಿಂದ ಸುಕಾಂತಿ ಬಂದಳು. ಕುಂಜಲತಾಳ ಬಾಲ್ಯದ ಗೆಳತಿ; ಹೆಡ್ ಕ್ಲರ್ಕ್ ಆಗಿ ನಿವೃತ್ತಳಾಗಿ ಈಗ ಪಿಂಚಣಿದಾರರ ಸಂಘ ನಡೆಸುತ್ತಿದ್ದಳು.

"ಸಹಿ ಹಾಕಿದ್ರಾ, ಭಾಯಿ?"

"ಇನ್ನೂ ಇಲ್ಲ. ಹಾಕಿ ಮುಗಿಸ್ಬಿಡ್ತೀನಿ."

"ಹಾಕ್ಬೇಡಿ. ಒಂದು ಮಾತು ಕೇಳ್ತೀನಿ. ಆ ಎಂಟು ವರ್ಷ ದನಗಳಿಗೆ ಸೂಜಿ ಚುಚ್ಚಿದ್ದು ಯಾರು?"

"ನಾನೇ."

"ಸುಳ್ಳು ಹೇಳಿ ಬಡ್ತಿ ತಗೊಂಡ್ರಾ?"

ಅವನು ಥಟ್ಟನೆ ತಲೆಯೆತ್ತಿದ. "ಜಗನ್ನಾಥನಾಣೆ, ಇಲ್ಲ!"

"ಮತ್ತೆ ದುಡಿದ ಕೂಲಿ ಯಾಕೆ ವಾಪಸು ಕೊಡ್ತೀರಿ? ಮೋಸ ಮಾಡದ ಕೆಳಹಂತದ ನೌಕರರಿಂದ, ಅದೂ ನಿವೃತ್ತಿಯಾದ್ಮೇಲೆ, ಹೀಗೆ ವಸೂಲಿ ಮಾಡಬಾರ್ದು ಅಂತ ಕೋರ್ಟುಗಳು ಎಷ್ಟೋ ಸಲ ಹೇಳಿವೆ."

ಕುಂಜಲತಾ ನಡುವೆ ಬಾಯಿ ಹಾಕಿದಳು. "ನಿಂಗೇನಮ್ಮಾ, ಹೇಳಿ ಹೋಗ್ತೀಯ. ವಕೀಲರ ಬಾಯಿಗೆ ಸುರಿಯೋಕೆ ನಮ್ಮತ್ರ ಏನಿದೆ? ಪಿಂಚಣೀನೂ ನಿಲ್ಸಿದ್ರೆ?"

"ನ್ಯಾಯ ಕೇಳಿದ್ದಕ್ಕೆ ಪಿಂಚಣಿ ನಿಲ್ಸೋಕೆ ಬರಲ್ಲ ಕಣೇ. ಬಡವರಿಗೆ ಕಾನೂನು ನೆರವು ಕೇಂದ್ರ ಇದೆ, ಫೀಸಿಲ್ಲ. ಸುಮ್ನಿದ್ದು ಏನು ಉಳಿಸ್ಕೊಂಡ್ರಿ, ಹೇಳು. ಮೇಲೆ ನೋಡು, ತಾಡಪಾಲು."

ಕುಂಜಲತಾ ಮೇಲೆ ನೋಡಲಿಲ್ಲ. ಗಂಡನ ಮುಖ ನೋಡಿದಳು. ಬಹಳ ದಿನದ ಮೇಲೆ ಅವನು ಮಾತಿಗೆ ಕಿವಿಗೊಟ್ಟು ಕೂತಿದ್ದ.

"ಹೋಗಿ ಬನ್ನಿ," ಎಂದಳು. "ನಾನೂ ಬರ್ತೀನಿ."

ಕೋರ್ಟಿನ ಓಡಾಟಕ್ಕೆ ಒಂದು ವರ್ಷದ ಮೇಲೆ ಹಿಡಿಯಿತು. ಕೊನೆಗೆ ವಸೂಲಿ ರದ್ದಾಯಿತು, ಗ್ರಾಚ್ಯುಟಿ ಪೂರ್ತಿ ಬಂತು. ಆದರೆ ಹೋದ ಹುದ್ದೆಯ ಮಾತು ಬಂದಾಗ ನ್ಯಾಯಾಧೀಶರು ಕೇಳಿದರು: "ಹಿಂಬಡ್ತಿ ಆದಾಗಲೇ ಯಾಕೆ ಮೇಲ್ಮನವಿ ಹಾಕಲಿಲ್ಲ?" ಗಡುವು ಎಂದೋ ಮೀರಿತ್ತು. ಪಿಂಚಣಿ ಅಟೆಂಡರ್ ಸಂಬಳದ ಮೇಲೆಯೇ ನಿಂತಿತು. ಅವನು ಬದುಕಿರುವಷ್ಟು ದಿನ ಅಷ್ಟೇ. ಅವನ ನಂತರ ಕುಂಜಲತಾಳಿಗೆ ಬರುವುದೂ ಅದರಲ್ಲೊಂದು ಪಾಲು.

ಹೊಸ ಸೂರಿನ ಕೆಳಗೆ ಕೂತು ಕುಂಜಲತಾ ಕಣ್ಣೊರೆಸಿಕೊಂಡಳು. "ನಾನೇ ಬೇಡ ಅಂದೆ ಅವತ್ತು."

"ನೀನು ಅಂದಿದ್ದಕ್ಕಲ್ಲ, ನಂಗೇ ಧೈರ್ಯ ಇರಲಿಲ್ಲ," ಎಂದ ನಟಬರ. "ಸಗಣಿ ಬಾಚೋಕೆ ನಂಗೆ ನಾಚಿಕೆ ಇರಲಿಲ್ಲ ಕುಂಜಾ. ಅದ್ರಿಂದ್ಲೇ ಮೇಲೆ ಬಂದೋನು. ನನ್ನ ತಪ್ಪೇನು ಅಂತ ಒಂದು ಮಾತು ಕೇಳ್ದೇ ಹೋದ್ನಲ್ಲ, ಅದು ಉರೀತದೆ. ಕೇಳಿದ್ರೆ ಊರಿಗಾದ್ರೂ ಗೊತ್ತಾಗ್ತಿತ್ತು, ನಾನು ಕಳ್ಳ ಅಲ್ಲ ಅಂತ."

ಅಕ್ಕತಂಗಿಯರೇ, ಅಣ್ಣತಮ್ಮಂದಿರೇ, ನಿಮ್ಮ ಮನೆಯಲ್ಲಿ ಸರ್ಕಾರಿ ನೌಕರರು ಇದ್ದಾರೆಯೇ? ಹುದ್ದೆಯಿಂದ ಇಳಿಸಿದರೆ ಆದೇಶವನ್ನೂ ಅದರ ಕಾರಣವನ್ನೂ ಬರವಣಿಗೆಯಲ್ಲಿ ಕೇಳಿ ಪಡೆಯಿರಿ. ಮೇಲ್ಮನವಿಗೆ ಎಷ್ಟು ದಿನದ ಗಡುವು ಎಂದು ಅಂದೇ ವಿಚಾರಿಸಿ, ಅದರೊಳಗೆ ಸಲ್ಲಿಸಿ. ವಸೂಲಿಯ ನೋಟೀಸು ಬಂದರೆ ಸಂಘದವರನ್ನೋ ಕಾನೂನು ನೆರವು ಕೇಂದ್ರವನ್ನೋ ಕೇಳದೆ ಸಹಿ ಮಾಡಬೇಡಿ. ಮಾನಕ್ಕೆ ಅಂಜಿ ಸುಮ್ಮನಿದ್ದರೆ ಮಾನವೂ ಉಳಿಯದು, ಮುಪ್ಪಿನ ಅನ್ನವೂ ಉಳಿಯದು. ಮನೆಯವರು ಕೇಳಲು ಹೊರಟರೆ ತಡೆಯಬೇಡಿ. ಜೊತೆಗೆ ಹೋಗಿ.