ದುಂಡು ತೂತಿನ ಶಂಖಗಳು

ಡೆಂಜಿಲ್‌ನ ಗೋರಿಯಲ್ಲಿ ಡೆಂಜಿಲ್ ಇರಲಿಲ್ಲ. ಅವನದೊಂದು ಅಂಗಿ, ನೀರಿಗಿಳಿಯುವಾಗ ಕಣ್ಣಿಗೆ ಹಾಕಿಕೊಳ್ಳುತ್ತಿದ್ದ ಕನ್ನಡಕದ ಒಂದು ಗಾಜು, ಇಷ್ಟೇ ಒಳಗಿದ್ದದ್ದು. ಮೇಲೆ ಸುತ್ತ ಹನ್ನೊಂದು ಶಂಖಗಳು.

ಆಗಸ್ಟ್ ಒಂದರಂದು ಶಂಖಕ್ಕಾಗಿ ಸಮುದ್ರದಲ್ಲಿ ಮುಳುಗಲು ಹೋದವನ ದೋಣಿ ಮೂರನೆಯ ದಿನ ಮಗುಚಿಕೊಂಡು ಸಿಕ್ಕಿತು. ಅವನು ಸಿಗಲಿಲ್ಲ. ಅವನ ತಾಯಿ ಕ್ಲೋಟಿಲ್ಡಾ ನಲವತ್ತು ದಿನ ಕಾದಳು. ಆಮೇಲೆ ದಂಡೆಯ ದಿಬ್ಬದಲ್ಲಿ, ತಮ್ಮ ಮನೆತನದವರನ್ನೆಲ್ಲ ಹೂಳುವ ಕಡೆ, ಗುಂಡಿ ತೋಡಿಸಿ ಪಾದ್ರಿಯನ್ನು ಕರೆಸಿದಳು. ದೇಹವಿಲ್ಲದೆ ಪ್ರಾರ್ಥನೆ ಹೇಗೆ ಎಂದು ಪಾದ್ರಿ ಹಿಂದೆ ಮುಂದೆ ನೋಡಿದ.

"ಸಮುದ್ರ ಕೊಡ್ಲಿಲ್ಲ, ನಾನೇನ್ ಮಾಡ್ಲಿ ಪಾದ್ರಿಗಳೇ? ಅಂಗಿ ಅವನ್ದೇ. ಓದಿ," ಅಂದಳು.

ಅವನ ಹೆಂಡತಿ ಇಸ್ಮೆ ಪಕ್ಕದಲ್ಲಿ ನಿಂತಿದ್ದಳು. ಅಳು ಬರಲಿಲ್ಲ. ರಾಜಧಾನಿ ನಸ್ಸೌಗೆ ಹೋಗಿ ಇತಿಹಾಸ ಓದಿಕೊಂಡು ಬಂದು ಊರಿನ ಶಾಲೆಯಲ್ಲಿ ಪಾಠ ಹೇಳುವವಳು; ಓದಿದವರಿಗೆ ಕಣ್ಣೀರು ಬತ್ತಿರುತ್ತದೆ ಎಂದು ಹೆಂಗಸರು ಅವಳಿಗೆ ಕೇಳಿಸುವಂತೆಯೇ ಆಡಿಕೊಂಡರು. ಅವಳು ಆ ಹೊತ್ತಿನಲ್ಲಿ ಶಂಖಗಳನ್ನು ನೋಡುತ್ತಿದ್ದಳು.

ಹನ್ನೊಂದೂ ಅವನೇ ಒಡೆದವು. ಶಂಖದ ಮಾಂಸ ತೆಗೆಯಲು ಅದರ ತುದಿಯ ಹತ್ತಿರ ಸುತ್ತಿಗೆಯ ಚೂಪು ಕಡೆಯಿಂದ ಒಂದೇ ಏಟು ಕೊಡಬೇಕು. ಉಗುರಿನಗಲ ಸೀಳು ಬೀಳುತ್ತದೆ. ಅದರೊಳಗೆ ಚಾಕು ತೂರಿಸಿ ನರ ಕತ್ತರಿಸಿದರೆ ಜೀವ ತಾನಾಗಿ ಜಾರಿ ಕೈಗೆ ಬರುತ್ತದೆ. ಡೆಂಜಿಲ್ ಎಡಗೈಯವನು. ಅವನ ಸೀಳು ಓರೆಯಾಗಿರುತ್ತಿತ್ತು. ದೋಣಿ ನಿಲ್ಲುವ ಧಕ್ಕೆಯ ಪಕ್ಕದ ಸಾವಿರ ಶಂಖಗಳ ರಾಶಿಯಲ್ಲಿ ಅವನದು ಯಾವುದೆಂದು ಇಸ್ಮೆ ನಿಂತಲ್ಲಿಂದಲೇ ಹೇಳುತ್ತಿದ್ದಳು.

ಫೆಬ್ರವರಿಯಲ್ಲಿ ದಿಬ್ಬದ ಮೇಲೆ ಗೂಟಗಳೆದ್ದವು. ಗೂಟಗಳಿಗೆ ಗುಲಾಬಿ ಬಣ್ಣದ ಪಟ್ಟಿ. ಹೋಟೆಲ್ ಬರುತ್ತದೆ, ದಂಡೆಯುದ್ದಕ್ಕೂ ಇಪ್ಪತ್ತು ಬಂಗಲೆ ಬರುತ್ತವೆ ಎಂದು ಕಂಪನಿಯ ಮ್ಯಾನೇಜರ್ ಬೆನೆಬಿ ಶಾಲೆಯ ಕೋಣೆಯಲ್ಲಿ ಊರವರನ್ನು ಕೂರಿಸಿ ಹೇಳಿದ. ಮೆದು ಮಾತಿನ ಮನುಷ್ಯ. ಮಕ್ಕಳ ಪುಟ್ಟ ಕುರ್ಚಿಯಲ್ಲಿ ತಾನೂ ಮುದುರಿಕೊಂಡು ಕೂತಿದ್ದ.

"ನಮ್ ಜನ ಮಲಗಿದಾರೆ ಅಲ್ಲಿ," ಅಂದಳು ಕ್ಲೋಟಿಲ್ಡಾ.

"ನಂಗೂ ಬೇಜಾರೇ ಅಮ್ಮಾ. ಕಾಗದ ಏನಾದ್ರೂ ಇದೆಯಾ?"

ಕಾಗದವಿರಲಿಲ್ಲ. ಹತ್ತಿ ಬೆಳೆಯದೆ ನೆಲ ಬಿಟ್ಟು ಹೋದ ಧಣಿ, ಕ್ಲೋಟಿಲ್ಡಾಳ ಮುತ್ತಜ್ಜನ ಅಪ್ಪನಿಗೆ, ಇದು ನಿನಗೂ ನಿನ್ನ ಸಂತಾನಕ್ಕೂ ಎಂದು ಬಾಯಿಮಾತಿನಲ್ಲಿ ಹೇಳಿದ್ದ. ಅಂದಿನಿಂದ ಅದು ತಲೆಮಾರಿನ ನೆಲ. ಎಲ್ಲರದು. ಮಾರುವವರಿಲ್ಲ, ಕೊಳ್ಳುವವರಿಲ್ಲ, ಹಾಗಾಗಿ ಬರೆದಿಟ್ಟವರೂ ಇಲ್ಲ.

"ಕಾಗದ ಇಲ್ಲ ಅಂದ್ರೆ ನನ್ನ ಕೈಲೂ ಏನಿಲ್ಲ," ಅಂದ ಬೆನೆಬಿ. "ಹಳೇ ಕಾಲದ ಲುಕಾಯನ್ನರ ಜಾಗ ಆಗಿದ್ರೆ ಮಾತು ಬೇರೆ. ಅದನ್ನ ನಾವು ಮುಟ್ಟೋಕಾಗಲ್ಲ, ಕಾನೂನಿದೆ. ಇದು ಅದಲ್ವಲ್ಲ."

ಹೋಟೆಲಿಗೆ ಇಡಲಿದ್ದ ಹೆಸರಿನಲ್ಲೂ ಲುಕಾಯನ್ ಇತ್ತು. ಈ ದ್ವೀಪಗಳಲ್ಲಿ ಆ ಪದ ಎಲ್ಲಿಲ್ಲ? ಗಾಲ್ಫ್ ಮೈದಾನಕ್ಕಿದೆ, ಈಜುಕೊಳಕ್ಕಿದೆ, ಬೀದಿಗಿದೆ, ಶಾಲೆಯ ಓಟದ ತಂಡಕ್ಕಿದೆ. ಮನುಷ್ಯರಿಗೆ ಮಾತ್ರ ಇಲ್ಲ. ಇಸ್ಮೆ ಪ್ರತಿ ವರ್ಷ ನಾಲ್ಕನೆಯ ತರಗತಿಗೆ ಹೇಳಿಕೊಡುತ್ತಿದ್ದಳು: ಲುಕಾಯನ್ ಅಂದರೆ ದ್ವೀಪದ ಜನ. ನಮಗಿಂತ ಮೊದಲು ಇಲ್ಲಿದ್ದವರ ಮಾತೇ ಸ್ಪೇನಿನವರ ಬಾಯಲ್ಲಿ ಸವೆದು ಹಾಗಾಯಿತು. ಒಂದು ವರ್ಷ ಒಬ್ಬ ಹುಡುಗಿ ಕೈಯೆತ್ತಿ, "ಹಾಗಾದ್ರೆ ನಾವೂ ಲುಕಾಯನ್ನಾ ಟೀಚರ್?" ಅಂದಿದ್ದಳು. ಇಸ್ಮೆ ನಕ್ಕಿದ್ದಳು. ಇಲ್ಲ, ಅವರು ಮುಗಿದುಹೋದರು. ನಮ್ಮನ್ನು ಆಮೇಲೆ ಹಡಗುಗಳಲ್ಲಿ ಗುಲಾಮರಾಗಿ ತಂದರು.

ಇನ್ನೊಂದನ್ನೂ ಹೇಳಿಕೊಡುತ್ತಿದ್ದಳು. ಮಕ್ಕಳಿಗೆ ಬಲು ಇಷ್ಟವಾಗುತ್ತಿದ್ದ ಪಾಠ ಅದು. ಲುಕಾಯನ್ನರಿಗೆ ಕಬ್ಬಿಣ ಗೊತ್ತಿರಲಿಲ್ಲ. ಒಂದು ಶಂಖದ ಮೊನೆಯಿಂದ ಇನ್ನೊಂದನ್ನು ಕುಟ್ಟಿ ಒಡೆಯುತ್ತಿದ್ದರು. ಅದಕ್ಕೇ ಅವರ ಶಂಖದಲ್ಲಿ ತೂತು ದುಂಡಗೆ. ನಮ್ಮದರಲ್ಲಿ ಸೀಳು. ದಂಡೆಯಲ್ಲಿ ಯಾವ ಹಳೆಯ ಶಂಖ ಸಿಕ್ಕರೂ ಸರಿ, ತೂತು ನೋಡಿದರೆ ಯಾರ ಊಟ ಅದು ಎಂದು ತಿಳಿಯುತ್ತದೆ.

ಮರುದಿನ ಬೆಳಿಗ್ಗೆ ಅವಳು ಒಲೆಯ ಮುಂದೆ ಜೋಳದ ಗಂಜಿ ತಿರುವುತ್ತಿದ್ದಾಗ ಕ್ಲೋಟಿಲ್ಡಾ ಬಂದು ಬಾಗಿಲಲ್ಲೇ ನಿಂತಳು.

"ದುಂಡು ತೂತಿದ್ರೆ ಲುಕಾಯನ್. ನೀನೇ ಅಲ್ವಾ ಮಕ್ಕಳಿಗೆ ಹೇಳ್ಕೊಟ್ಟಿದ್ದು?"

ಇಸ್ಮೆಗೆ ಅರ್ಥವಾಗಲು ಒಂದು ಗಳಿಗೆ ಹಿಡಿಯಿತು. "ಅತ್ತೆ, ಅದು ಸುಳ್ಳಾಗುತ್ತೆ."

"ಖಾಲಿ ಗುಂಡಿಗೆ ಪ್ರಾರ್ಥನೆ ಓದಿಸ್ದೋಳು ನಾನು. ನಂಗೆ ಸುಳ್ಳಿನ ಪಾಠ ಬೇಡ."

"ತಿಳಿದವರು ಬಂದು ನೋಡ್ತಾರೆ. ನಾನು ಇದನ್ನೇ ಓದಿದವಳು, ನನ್ನ ಕೈಲಾಗಲ್ಲ."

"ಓದಿದ್ದು ಯಾತಕ್ಕೆ ಮತ್ತೆ?" ಎಂದು ಕ್ಲೋಟಿಲ್ಡಾ ತಿರುಗಿ ನಡೆದಳು. ಗಂಜಿ ತಳ ಹಿಡಿಯಿತು.

ಶಾಲೆ ಬಿಟ್ಟ ಮೇಲೆ ಇಸ್ಮೆ ದಿಬ್ಬಕ್ಕೆ ಹೋದಳು. ತಡೆಯಲು ಹೋದೆನೆಂದು ಆಮೇಲೆ ತನಗೇ ಹೇಳಿಕೊಂಡಳು. ಐದಾರು ಹೆಂಗಸರು ಮರಳಲ್ಲಿ ಕಾಲು ಚಾಚಿ ಕೂತು ಕುಟ್ಟುತ್ತಿದ್ದರು. ಗೋರಿಗಳ ಸುತ್ತಲಿನ ಶಂಖಗಳೆಲ್ಲ ಮಡಿಲಿಗೆ ಬಂದಿದ್ದವು. ಮರದ ಶಿಲುಬೆಗಳಿದ್ದದ್ದು ಏಳೇ ಗೋರಿಗಳಿಗೆ. ಅವನ್ನು ಕಿತ್ತು ಸೌದೆಯಂತೆ ಕಟ್ಟಿಟ್ಟಿದ್ದರು. ಎಫ್ರಮ್ ಮಾವ ತನ್ನ ಗೆಣಸಿನ ಹೊಲದಲ್ಲಿ ವರ್ಷಗಳಿಂದ ಸಿಗುತ್ತಿದ್ದ ಕೆಂಪು ಮಡಕೆಚೂರುಗಳನ್ನು ಬಕೆಟ್ಟಿನಲ್ಲಿ ತಂದು, ಕೋಳಿಗೆ ಕಾಳು ಹಾಕುವಂತೆ ಎರಚುತ್ತಿದ್ದ. ಆ ಚೂರುಗಳು ನಿಜವಾಗಿ ಲುಕಾಯನ್ನರವೇ.

"ಬಾ ಟೀಚರಮ್ಮ," ಅಂದ ಎಫ್ರಮ್. "ಇಲ್ಲಿ ಮಲಗಿರೋ ನಮ್ಮಪ್ಪ ಬದುಕಿದ್ದಾಗ ಸರ್ಕಾರ ಅವನ ಕಡೆ ಒಂದು ಸಲಾನೂ ತಿರುಗಿ ನೋಡ್ಲಿಲ್ಲ. ಈಗ ನೋಡು, ಬೇಲಿ ಹಾಕಿ ಕಾಯ್ತದೆ."

"ನಿಮ್ಮಪ್ಪನ ಮೂತಿಗೆ ಲುಕಾಯನ್ ಅಂದ್ರೆ ಯಾರು ನಂಬ್ತಾರೆ?" ಎಂದು ಒಬ್ಬಳು ಅಂದಳು. ಎಲ್ಲರೂ ನಕ್ಕರು.

ಇಸ್ಮೆ ಒಂದು ಶಂಖ ಎತ್ತಿ ನೋಡಿದಳು. ತೂತು ಹೊಟ್ಟೆಯ ಕಡೆ ಬಿದ್ದಿತ್ತು, ಅಂಚು ಹಲ್ಲು ಹಲ್ಲಾಗಿತ್ತು. ಇದನ್ನು ನೋಡಿದರೆ ಅವಳ ನಾಲ್ಕನೆಯ ತರಗತಿಯ ಮಕ್ಕಳೂ ನಗುತ್ತಿದ್ದರು. ಅವಳಿಗೆ ತಡೆದುಕೊಳ್ಳಲಾಗಲಿಲ್ಲ.

"ಅಲ್ಲಲ್ಲ. ಸೀಳು ಎಲ್ಲಿದೆಯೋ ಅಲ್ಲೇ ಕುಟ್ಟಬೇಕು, ಸೀಳನ್ನ ತೂತು ನುಂಗೋ ಹಾಗೆ. ಕಲ್ಲು ಬೇಡ. ಇನ್ನೊಂದು ಶಂಖದ ಮೊನೆ ತಗೊಳ್ಳಿ. ಆಮೇಲೆ ಒದ್ದೆ ಮರಳಿಂದ ಅಂಚು ತಿಕ್ಕಿ."

ಹೇಳಿ ಮುಗಿಸುವಷ್ಟರಲ್ಲಿ ಅವಳೂ ಕೂತಾಗಿತ್ತು. ಡೆಂಜಿಲ್‌ನ ಶಂಖಗಳನ್ನು ಬೇರೆ ಯಾರಿಗೂ ಕೊಡಲಿಲ್ಲ. ಒಂದೊಂದರಲ್ಲೂ ಆ ಓರೆ ಸೀಳು. ಮೊನೆಯಿಟ್ಟು ತಟ್ಟಿದರೆ ಅದರ ಎರಡು ತುಟಿಗಳೂ ಒಳಕ್ಕೆ ಉದುರಿ ಅಲ್ಲೊಂದು ದುಂಡು ತೂತು. ಹತ್ತು ಮುಗಿಸಿದಳು. ಕೈ ಚೆನ್ನಾಗಿ ಪಳಗಿತ್ತು. ಹನ್ನೊಂದನೆಯದು, ತಲೆಯ ಕಡೆ ಇಟ್ಟಿದ್ದದ್ದು, ಕ್ಲೋಟಿಲ್ಡಾಳ ಮಡಿಲಲ್ಲಿತ್ತು.

"ಇದು ಬೇಡ," ಅಂದಳು ಮುದುಕಿ.

"ಒಂದು ಉಳಿದರೂ ಸಿಕ್ಕಿಬೀಳ್ತೀವಿ ಅತ್ತೆ."

"ಬೇಡ ಅಂದೆ."

ಅದು ಅವಳ ಲಂಗದ ಮರೆಯಲ್ಲಿ ಮನೆಗೆ ಹೋಯಿತು.

ದಿಬ್ಬ ಲುಕಾಯನ್ ಜಾಗವೆಂದು ಊರವರು ಸರ್ಕಾರಕ್ಕೆ ತಿಳಿಸಿದ ಮೇಲೆ ಪರೀಕ್ಷಿಸಲು ನಸ್ಸೌನಿಂದ ಬಂದವರು ಡಾಕ್ಟರ್ ಗಿಬ್ಸನ್, ಇಸ್ಮೆಗೆ ಪಾಠ ಹೇಳಿದ್ದವರು. ದುಂಡು ತೂತಿನ ಮಾತನ್ನು ಅವಳು ಮೊದಲು ಕೇಳಿದ್ದು ಅವರ ಬಾಯಿಂದಲೇ. ಮುದುಕರು ದಿಬ್ಬದ ಮೇಲೆ ಅರ್ಧ ದಿನ ನಡೆದಾಡಿದರು. ಮಡಕೆಚೂರು ನೋಡಿ ತಲೆದೂಗಿದರು. ಒಂದು ಶಂಖ ಎತ್ತಿ ತೂತಿನ ಅಂಚಿನ ಮೇಲೆ ಹೆಬ್ಬೆರಳು ಆಡಿಸುತ್ತ ಬಹಳ ಹೊತ್ತು ನಿಂತರು. ಬೆನೆಬಿ ಗಡಿಯಾರ ನೋಡಿಕೊಂಡ.

"ಕುಟ್ಟಿದವರು ಚೆನ್ನಾಗಿ ಕಲಿತವರು," ಅಂದರು ಗಿಬ್ಸನ್. ಇಸ್ಮೆಯ ಕಡೆ ತಿರುಗಿದರು. "ನೀನು ಇಲ್ಲಿಯವಳು. ಏನಮ್ಮ ಇದು? ನೀನು ಹೇಳಿದ್ದನ್ನ ಬರೀತೀನಿ."

ಗಾಳಿ ಬೀಸುತ್ತಿತ್ತು. ಎಫ್ರಮ್ ಮಾವ ಕ್ಯಾಪು ತೆಗೆದು ಕೈಯಲ್ಲಿ ಹಿಡಿದಿದ್ದ. ಇದು ನನ್ನ ಗಂಡನ ಗೋರಿ ಎಂದು ಒಂದು ಸಾಲು ಹೇಳಿದರೆ ನಾಳೆ ಬುಲ್ಡೋಜರ್. ಹೇಳದಿದ್ದರೆ ಅವನು ಇಲ್ಲಿರುತ್ತಾನೆ.

"ಲುಕಾಯನ್, ಸರ್."

ಅವರು ಬರೆದುಕೊಂಡರು. ಮತ್ತೆ ಅವಳ ಮುಖ ನೋಡಲಿಲ್ಲ. ವಿಮಾನಕ್ಕೆ ಹೊರಡುವಾಗ ಎಲ್ಲರ ಕೈ ಕುಲುಕಿದರು, ಅವಳದನ್ನು ಬಿಟ್ಟು.

ಬೆನೆಬಿ ಸಿಟ್ಟಾಗುತ್ತಾನೆ ಎಂದು ಊರು ಕಾದಿತ್ತು. ಅವನಿಗೆ ಆದದ್ದು ಖುಷಿ; ಹೋಟೆಲಿನ ಹೆಸರಿಗೆ ತಕ್ಕ, ಬಂದವರಿಗೆ ತೋರಿಸುವಂಥ ಜಾಗ ಸಿಕ್ಕಿತ್ತು. ನಕ್ಷೆ ಬದಲಾಯಿತು, ಬಂಗಲೆಗಳು ದಿಬ್ಬದ ಎರಡೂ ಬದಿಗೆ ಸರಿದವು. ದಿಬ್ಬದ ಮುಂದೆ ನಿಲ್ಲಿಸುವ ಬೋರ್ಡಿಗೆ ನಾಲ್ಕು ಸಾಲು ಬರೆದುಕೊಡಿ ಎಂದು ಅವನು ಶಾಲೆಗೇ ಬಂದ. ತಾನು ಬರೆಯದಿದ್ದರೆ ಇನ್ಯಾರೋ ಬರೆಯುತ್ತಾರೆ ಎಂದು ಇಸ್ಮೆ ಒಪ್ಪಿದಳು. ಲುಕಾಯನ್ ಪದದ ಅರ್ಥ ಬರೆದಳು. ಇವರು ಉಸಿರು ಹಿಡಿದು ಬಹಳ ಆಳಕ್ಕೆ ಮುಳುಗಬಲ್ಲವರಾಗಿದ್ದರು, ಅದಕ್ಕೇ ಸ್ಪೇನಿನವರು ಹಿಡಿದೊಯ್ದು ಮುತ್ತಿಗಾಗಿ ಮುಳುಗಿಸಿದರು, ಬಹಳ ಜನ ಮೇಲೆ ಬರಲಿಲ್ಲ, ಎಂದೂ ಬರೆದಳು.

ಬೆನೆಬಿ ಪೆನ್ನಿನಿಂದ ಆ ಸಾಲಿನ ಮೇಲೆ ಗೆರೆಯೆಳೆದ. "ಇದು ನಿಜಾನೇ ಇರ್ಬೋದು ಮಿಸ್ ಇಸ್ಮೆ. ಆದ್ರೆ ಜನ ರಜಕ್ಕೆ ಬಂದಿರ್ತಾರೆ."

ಮತ್ತೆ ಆಗಸ್ಟ್ ಒಂದು ಬಂತು. ಕ್ಲೋಟಿಲ್ಡಾ ಚರ್ಚಿನ ಬಿಳಿ ಉಡುಪು ತೊಟ್ಟು, ಹನ್ನೊಂದನೆಯ ಶಂಖವನ್ನು ಬಟ್ಟೆಯಲ್ಲಿ ಸುತ್ತಿಕೊಂಡು ನಡೆದಳು. ಹಿಂದೆ ಇಸ್ಮೆ. ದಿಬ್ಬದ ಸುತ್ತ ಕಂಬ ನೆಟ್ಟು ದಪ್ಪ ಹಗ್ಗ ಕಟ್ಟಿದ್ದರು. ಹೋಟೆಲಿನ ನೀಲಿ ಅಂಗಿ ತೊಟ್ಟು ಎಫ್ರಮ್ ಮಾವ ಕಾಯುತ್ತಿದ್ದ.

"ಒಳಗೆ ಬಿಡೋ ಹಾಗಿಲ್ಲ ಕ್ಲೋಟಿಲ್ಡಾ."

"ನಿಮ್ಮಪ್ಪನೂ ಒಳಗೇ ಇದಾನಲ್ಲೋ."

"ಇದಾನೆ. ಅವನ ಹತ್ರ ನಾನೂ ಹೋಗಲ್ಲ. ಅಲ್ಲಿ ನೋಡು, ಕ್ಯಾಮೆರಾ." ಅವನು ದನಿ ತಗ್ಗಿಸಿದ. "ಇದು ಲುಕಾಯನ್ ಜಾಗ. ನಾವೇ ಹೇಳಿದ್ದಲ್ವಾ?"

ಕ್ಲೋಟಿಲ್ಡಾ ಬೋರ್ಡಿನ ಕಡೆ ಗಲ್ಲ ಎತ್ತಿದಳು. ಅವಳಿಗೆ ಓದಲು ಬರುತ್ತಿರಲಿಲ್ಲ. "ಏನ್ ಬರ್ದಿದೀಯ? ಓದು."

ಇಸ್ಮೆ ಓದಿದಳು. "ಇಲ್ಲಿ ಲುಕಾಯನ್ನರು ವಾಸಿಸುತ್ತಿದ್ದರು. ಆ ಪದಕ್ಕೆ ದ್ವೀಪದ ಜನ ಎಂದು ಅರ್ಥ. ಅವರು ಶಂಖದ ಮಾಂಸ ಉಂಡರು, ಶಂಖಗಳನ್ನು ಬಿಟ್ಟುಹೋದರು. ಅವರ ಹೆಸರುಗಳು ನಮಗೆ ತಿಳಿದಿಲ್ಲ. ಅವರಲ್ಲಿ ಒಬ್ಬರೂ ಉಳಿದಿಲ್ಲ."

"ಹೆಸರು ತಿಳಿದಿಲ್ಲ," ಅಂದಳು ಕ್ಲೋಟಿಲ್ಡಾ. "ಅದನ್ನ ಅಳಿಸು."

"ಅಳಿಸಿದ್ರೆ ಎಲ್ಲ ಹೋಗುತ್ತೆ ಅತ್ತೆ."

"ನೀನು ಅವತ್ತು ಅಳ್ಲಿಲ್ಲ. ಜನ ಏನೇನೋ ಅಂದ್ರು, ನಾನು ನಿನ್ನ ಪರ ನಿಂತೆ. ನೀನು ಕುಟ್ಟಿದ್ದು ನೋಡಿದ್ನಲ್ಲ, ಹತ್ತೂ ಕುಟ್ಟಿದೆ. ಒಂದ್ಸಲಾನೂ ಕೈ ತಡೀಲಿಲ್ಲ."

ಕುಟ್ಟಲು ಕರೆದವಳು ನೀನೇ ಎಂದು ಇಸ್ಮೆ ಹೇಳಬಹುದಿತ್ತು. ಮುದುಕಿ ಹಗ್ಗದ ಹೊರಗೆ, ದಾರಿಯ ಅಂಚಿನ ಮರಳಲ್ಲಿ, ಶಂಖವನ್ನಿಟ್ಟಳು. ಅದರ ಸೀಳು ಸಮುದ್ರಕ್ಕೆ ಮುಖಮಾಡುವಂತೆ ತಿರುಗಿಸಿದಳು. ಸೊಸೆಯನ್ನು ಕಾಯದೆ ಮನೆಗೆ ನಡೆದಳು. ಆಮೇಲೆ ಅವಳು ಇಸ್ಮೆಯ ಅಡುಗೆಮನೆಗೆ ಕಾಲಿಡಲಿಲ್ಲ.

ಹೋಟೆಲ್ ತೆರೆದ ಮೇಲೆ ವಾರಕ್ಕೊಮ್ಮೆ ಅಲ್ಲಿನ ಆಳುಗಳು ದಾರಿ ಗುಡಿಸುತ್ತಾರೆ. ಸೀಳಿರುವ ಶಂಖ ಅವರ ಲೆಕ್ಕದಲ್ಲಿ ಕಸ. ಗಾಡಿಗೆ ಎಸೆದುಬಿಡುತ್ತಾರೆ. ಪ್ರತಿ ಶುಕ್ರವಾರ ಶಾಲೆ ಬಿಟ್ಟ ಮೇಲೆ ಇಸ್ಮೆ ಆ ಗಾಡಿಯ ಹತ್ತಿರ ಹೋಗಿ, ತೆಂಗಿನ ಗರಿ, ಬಾಟಲಿಗಳ ನಡುವೆ ಕೈಯಾಡಿಸಿ, ಓರೆ ಸೀಳು ಬೆರಳಿಗೆ ಸಿಕ್ಕಿದಾಗ ಎತ್ತಿಕೊಂಡು ಬಂದು ಅಲ್ಲೇ ಇಡುತ್ತಾಳೆ. ಎಫ್ರಮ್ ಮಾವ ಆಗ ಬೇರೆ ಕಡೆ ನೋಡುತ್ತಾನೆ.

ಒಂದು ಶುಕ್ರವಾರ ಬೋರ್ಡು ಓದಿ ಮುಗಿಸಿದ, ಹೋಟೆಲಿಗೆ ರಜಕ್ಕೆ ಬಂದಿದ್ದ ಹೆಂಗಸೊಬ್ಬಳು, ಮರಳಲ್ಲಿ ಮಂಡಿಯೂರಿದ್ದ ಇಸ್ಮೆಯನ್ನು ನೋಡಿ ನಿಂತಳು. ಬಿಸಿಲಿಗೆ ಕೆಂಪಾದ ಮುಖ, ಒಳ್ಳೆಯ ಮನಸ್ಸಿನವಳಂತೆ ಕಂಡಳು.

"ಎಂಥಾ ದುಃಖ ಅಲ್ವಾ? ಅಷ್ಟೂ ಜನ. ಅವರಿಗೋಸ್ಕರ ಅಳೋರು ಒಬ್ಬರೂ ಇಲ್ಲ."

"ಇಲ್ಲ," ಅಂದಳು ಇಸ್ಮೆ.

"ನೀವು ಇಲ್ಲಿ ಕೆಲಸ ಮಾಡ್ತೀರಾ?"

ಇಸ್ಮೆ ಶಂಖದ ಸೀಳನ್ನು ಸಮುದ್ರದ ಕಡೆ ತಿರುಗಿಸಿ, ಕೈಯ ಮರಳು ಕೊಡವಿಕೊಂಡು ಎದ್ದಳು. ಹೌದು ಎಂದು ತಲೆಯಾಡಿಸಿದಳು.